ತಾಯಿಯ ಕುರ್ಚಿಯಲ್ಲಿ ಮದುಮಗಳು

ನನಗೆ ಮದುವೆಯಾಯಿತು, ಅಧ್ಯಕ್ಷರಾದ ನಿರ್ಮಾಪಕ ಶೌಕತ್ ಅವರೇ, ನಿರ್ದೇಶಕಿ ನರ್ಮೀನ್, ಕೈರೋದ ನನ್ನ ಕಲಾವಿದ ಬಂಧುಗಳೇ, ಸಭಿಕರೇ! ಈ ಸನ್ಮಾನಕ್ಕೆ ವಂದನೆ ಹೇಳುವ ಮೊದಲೇ ಸುದ್ದಿ ಬಾಯಿಂದ ಜಾರಿತು, ಕ್ಷಮಿಸಿ. ಹತ್ತು ದಿನವಾಯಿತು. ವರ, ಅಲೆಕ್ಸಾಂಡ್ರಿಯಾದ ನಿವೃತ್ತ ಟ್ರಾಮ್ ಚಾಲಕ ಫಿಕ್ರಿ. ಈಗ ನನ್ನ ಮನೆಯೂ ಅಲ್ಲೇ. ವಧುವಿಗೆ, ಅಂದರೆ ಈ ಇಜ್ಲಾಲ್‌ಗೆ, ಅರವತ್ತೊಂದು. ಚಪ್ಪಾಳೆ ಸಾಕು, ನಾಚಿಕೆಯಾಗುತ್ತದೆ.

ಕನ್ಯಾಸ್ತ್ರೀಯರ ಇಂಗ್ಲಿಷ್ ಶಾಲೆಯ ನಾಟಕಗಳಲ್ಲಿ ನಾನು ರಾಣಿ. ಟಿ.ವಿ.ಗೆ ಬಂದೆ, ಮೂವತ್ತೈದಕ್ಕೇ ಪರದೆಯ ಮೇಲೆ ತಾಯಿಯಾದೆ. ನನಗಿಂತ ನಾಲ್ಕು ವರ್ಷ ದೊಡ್ಡವನಾದ ನಾಯಕನನ್ನು "ನನ್ನ ಕಂದಾ" ಎಂದು ತಬ್ಬಿಕೊಂಡೆ. ರಂಜಾನ್ ತಿಂಗಳ ಮೂವತ್ತು ಕಂತಿನ ಧಾರಾವಾಹಿಯಲ್ಲಿ ಹದಿನೈದನೆಯ ಕಂತು ಬಂತೆಂದರೆ ನಾನು ಸಾಯಲೇಬೇಕು. ನಾಯಕನಿಗೆ ದುಃಖ ಬೇಡವೇ? ಹದಿನಾಲ್ಕು ಸಲ ಸತ್ತಿದ್ದೇನೆ. ಸಾಯುವುದು ಸಲೀಸು, ಬದುಕಿಯೇ ಅಭ್ಯಾಸವಿಲ್ಲ.

ನನ್ನ ನಿಕಾಹ್ ದಿನ ಏನಾಯಿತು ಗೊತ್ತೇ? ಒಳಗೆ ಬಂದವಳೇ ನೇರವಾಗಿ ವಧುವಿನ ತಾಯಿಯ ಕುರ್ಚಿಯಲ್ಲಿ ಕುಳಿತೆ. ಹೆಣ್ಣಿನ ತಾಯಂದಿರು ಸಂಭ್ರಮಕ್ಕೆ ಕೂಗುವಂತೆ ನಾಲಿಗೆ ಹೊರಳಿಸಿ ಉಲುಲು ಎಂದು ಕೂಗಿದೆ, ಕಣ್ಣೊರೆಸಿಕೊಂಡೆ. ನಿಕಾಹ್ ಮಾಡಿಸಲು ಬಂದ ಶೇಖ್ ಸಾಹೇಬರು ಹೇಳಿದರು: "ಮಗಳನ್ನ ಕರೀರಮ್ಮ." ನಾನೂ ಬಾಗಿಲ ಕಡೆ ತಿರುಗಿ ಕಾದೆ!

ಫಿಕ್ರಿಯ ತಂಗಿ ಕಿರುಚಿದಳು: "ಅಯ್ಯೋ ಅತ್ತಿಗೆ, ಮದುವೆ ಹೆಣ್ಣು ನೀವೇ ಕಣ್ರೀ! ಏಳಿ ಮೇಲೆ!"

ಫಿಕ್ರಿ ಹೇಳಿದರು: "ಅವಸರ ಮಾಡ್ಬೇಡ ಕಣೇ. ಹದಿನೈದನೇ ಕಂತು ಬರೋದ್ರೊಳಗೆ ಸಹಿ ಹಾಕಿದ್ರೆ ಸಾಕು."

ನಗಿ, ನಗಿ. ಆದರೆ ಕೇಳಿ. ನರ್ಮೀನ್ ಬರೆದ ಹೊಸ ಧಾರಾವಾಹಿಯಲ್ಲಿ ಅರವತ್ತರ ಹೆಂಗಸೊಬ್ಬಳು ಮದುವೆಯಾಗುತ್ತಾಳೆ. ಮೂವತ್ತು ಕಂತೂ ಬದುಕಿರುತ್ತಾಳೆ! ಆ ಪಾತ್ರ ನನಗೆ ಬೇಕು. ಫಿಕ್ರಿಯನ್ನು ಕೂಡ ನಾನು ಇಷ್ಟು ಬಯಸಿರಲಿಲ್ಲ, ಅವರಿಗೆ ಹೇಳಬೇಡಿ. ನಮ್ಮ ಅಧ್ಯಕ್ಷರು ನರ್ಮೀನ್‌ಗೆ ಏನೆಂದರಂತೆ? "ಮುದುಕಿ ಪ್ರೀತಿ ಮಾಡೋದನ್ನ ಯಾರಮ್ಮಾ ನೋಡ್ತಾರೆ? ಮೂವತ್ತೆಂಟರ ಹುಡುಗಿಗೆ ಬಿಳಿ ವಿಗ್ ಹಾಕು. ಇಜ್ಲಾಲ್‌ಗೆ ಅವಳ ತಾಯಿ ಪಾತ್ರ ಕೊಡು."

ಶೌಕತ್ ಅವರೇ, ತಲೆ ತಗ್ಗಿಸಬೇಡಿ. ಇಪ್ಪತ್ತಾರು ವರ್ಷ ನೀವು ಕೊಟ್ಟ ಕುರ್ಚಿಯಲ್ಲಿ ನಾನೇ ಹೋಗಿ ಕುಳಿತೆ, ನನ್ನ ಮದುವೆಯಲ್ಲೂ ಕುಳಿತೆ. ಈಗ ಎದ್ದಿದ್ದೇನೆ, ಅಷ್ಟೇ. ಈ ಸನ್ಮಾನ ಫಲಕದಲ್ಲಿ "ಪರದೆಯ ತಾಯಿಗೆ ವಿದಾಯ" ಎಂದು ಕೆತ್ತಿಸಿದ್ದೀರಿ. ಫಲಕ ಒಯ್ಯುತ್ತೇನೆ, ವಿದಾಯ ಇಲ್ಲೇ ಇರಲಿ.

ಆ ಪಾತ್ರಕ್ಕೆ ಭಾನುವಾರ ಇಲ್ಲೇ ಕೈರೋದಲ್ಲಿ ಆಯ್ಕೆಯಂತೆ. ನನ್ನನ್ನು ಕರೆದಿಲ್ಲ. ಕರೆಯದಿದ್ದರೂ ಬರುತ್ತೇನೆ, ವಿಗ್ ಬೇಡ, ನನ್ನ ಕೂದಲು ಸ್ವಂತ ಖರ್ಚಿನಲ್ಲೇ ಬೆಳ್ಳಗಾಗಿದೆ. ಇಷ್ಟು ಹೊತ್ತು ಸಹಿಸಿದ ನಿಮಗೆಲ್ಲ ಧನ್ಯವಾದ, ನಮಸ್ಕಾರ. ನರ್ಮೀನ್, ಬರೆದುಕೋ ಮಗಳೇ: ಭಾನುವಾರ, ಅಲೆಕ್ಸಾಂಡ್ರಿಯಾದಿಂದ ಬೆಳಗಿನ ಎಂಟು ಗಂಟೆಯ ರೈಲು.