ಮುಂದೂಡಿದಷ್ಟೂ ಬೆಳೆಯುವ ಮರಳು

ನಮ್ಮ ಭೂಪಟದಲ್ಲಿ ಎಲ್ಲೂ ಇಲ್ಲದ ಒಂದು ಲೋಕ. ಅಲ್ಲಿ ಒಂದೂರಲ್ಲಿ ಒಬ್ಬ ಶ್ರೀಮಂತನಿದ್ದ. ಎಂಥ ಶ್ರೀಮಂತ? ಮನೆಯ ಮುಂದೆ ಒಂಟೆಗಳ ಸಾಲು, ಒಳಗೆ ಹಿತ್ತಾಳೆ ಸರಪಳಿಯ ತೂಗುಮಂಚ, ಕೂತರೆ ಕಾಲೊತ್ತಲು ಆಳು. ಅವನ ಊರಿಗೂ ಅವನ ತಂಗಿಯನ್ನು ಕೊಟ್ಟ ಊರಿಗೂ ನಡುವೆ ಮರಳುಗಾಡು. ಮೊದಲು ಅದು ಎಷ್ಟಗಲವಿತ್ತು ಗೊತ್ತೇ? ಈ ಅಂಚಿನಲ್ಲಿ ನಿಂತು ಕೂಗಿದರೆ ಆ ಅಂಚಿನವರು ಓಗೊಡುತ್ತಿದ್ದರು.

ಆದರೆ ನೋಡಿ, ಅದು ಸಾಮಾನ್ಯ ಮರಳಲ್ಲ. ಮಾಡಲೇಬೇಕಾದ ಕೆಲಸವನ್ನು ಯಾರಾದರೂ 'ನಾಳೆ ಮಾಡ್ತೀನಿ' ಎಂದರೆ ಸಾಕು, ಅದು ಬೆಳೆಯುತ್ತಿತ್ತು. ಊರಿನವರಿಗೆ ಇದು ಗೊತ್ತಿರಲಿಲ್ಲವೇ? ಚೆನ್ನಾಗಿಯೇ ಗೊತ್ತಿತ್ತು. ಹಿರಿಯರು ಚಾವಡಿಯಲ್ಲಿ ಸೇರಿ ಕಟ್ಟಳೆಯನ್ನೇ ಮಾಡಿದರು: ಇನ್ನು ಮೇಲೆ ಈ ಊರಿನಲ್ಲಿ ಯಾರೂ 'ನಾಳೆ' ಎನ್ನಕೂಡದು. ಸರಿ, ಜನ ಏನು ಮಾಡಿದರು? ಕೆಲಸ ಮಾಡಲು ಶುರು ಮಾಡಿದರೇ? ಇಲ್ಲ, 'ನೋಡೋಣ' ಎನ್ನಲು ಶುರು ಮಾಡಿದರು! ಗೋಡೆ ಬಿರುಕು ಬಿಟ್ಟಿದೆ, ನೋಡೋಣ. ಮಗುವಿಗೆ ಕೆಮ್ಮು, ನೋಡೋಣ. ಮರಳಿನ ಕಣ್ಣಿಗೆ ಮಣ್ಣೆರಚಿದೆವು ಎಂದು ಬೀಗಿದರು. ಮರಳಿಗೆ ಕೇಳಿಸುತ್ತಿದ್ದದ್ದು ಬಾಯಿಯ ಮಾತಲ್ಲ ಸ್ವಾಮಿ, ಮನಸ್ಸಿನ ಮಾತು. ಅದು ಬೆಳೆಯುತ್ತಲೇ ಇತ್ತು.

ಇಲ್ಲಿ ಪ್ರವಚನ ಕೇಳುತ್ತಾ ಕಂಬಕ್ಕೆ ಒರಗಿ ಕೂತ ಯಜಮಾನರು ನಗುತ್ತಿದ್ದಾರೆ. ನಗಿ, ನಗಿ. ನಿಮ್ಮ ಸರದಿಯೂ ಬರುತ್ತದೆ.

ಈ ಶ್ರೀಮಂತ ತಂಗಿಯ ಜೊತೆ ಮಾತು ಬಿಟ್ಟಿದ್ದ. ಕಾರಣ ಏನು? ತಂಗಿಯ ಮಗಳ ಮದುವೆಯಲ್ಲಿ ಸೋದರಮಾವನಿಗೆ ಸಲ್ಲಬೇಕಾದ ಮೊದಲ ವೀಳ್ಯ ಗಡಿಬಿಡಿಯಲ್ಲಿ ಬೇರೆಯವರ ಕೈಗೆ ಹೋಯಿತು. ಅಷ್ಟೇ! ಇವನು ಬಡಿಸಿದ ಎಲೆ ಬಿಟ್ಟು ಎದ್ದ. ತಂಗಿ ಓಡಿ ಬಂದು ಕೈ ಹಿಡಿದಳು. ಕೊಡವಿಕೊಂಡು ಬಂದುಬಿಟ್ಟ. ಆಮೇಲೆ ಆ ಕೈ ನೆನಪಾಗಿ ಅವನಿಗೆ ಸಂಕಟವಾಗುತ್ತಿತ್ತು. ಹೋಗಿ ಮಾತಾಡಿಸಿ ಬರಬೇಕು ಎನ್ನಿಸುತ್ತಿತ್ತು. ಎನ್ನಿಸಿದಾಗಲೆಲ್ಲ ನೋಡೋಣ, ನೋಡೋಣ. ಆ ಅಂಚು ದೂರ ಸರಿಯಿತು. ಮೊದಲು ಅಲ್ಲಿನ ಕೂಗು ಕೇಳದಾಯಿತು, ಆಮೇಲೆ ಅಲ್ಲಿನ ಒಲೆಯ ಹೊಗೆಯೂ ಕಾಣದಾಯಿತು.

ಒಂದು ಮಧ್ಯಾಹ್ನ ಆ ಕಡೆಯಿಂದ ಉಪ್ಪಿನ ವ್ಯಾಪಾರಿಯೊಬ್ಬ ಬಂದ. "ಧಣಿ, ನಿಮ್ಮ ತಂಗಿ ಹಾಸಿಗೆ ಹಿಡಿದವ್ರೆ. ಬಾಗಿಲು ಸದ್ದಾದ್ರೆ ಸಾಕು, ಅಣ್ಣ ಬಂದ್ನಾ ಅಂತಾರೆ," ಎಂದ.

ಶ್ರೀಮಂತ ತೂಗುಮಂಚದಿಂದ ಎದ್ದೇಬಿಟ್ಟ. ಹೊರಟನೇ? ಎಲ್ಲಿ ಹೊರಟ! ಬರಿಗೈಯಲ್ಲಿ ಹೋಗುವುದು ಹೇಗೆ? ತಂಗಿಗೆ ಸೀರೆ ನೇಯಲು ಹೇಳಿದ, ಒಂಟೆಗಳ ಬೆನ್ನಿಗೆ ಹೊದಿಸಲು ಹೊಸ ಜೂಲು ಹೊಲಿಯಲು ಹೇಳಿದ, ಜೋಯಿಸರನ್ನು ಕರೆದು ಮುಹೂರ್ತ ಕೇಳಿದ. ಮರಳು ಸುಮ್ಮನಿತ್ತೇ? ಹಿತ್ತಿಲಿಗೆ ಬಂತು. ಮೆಟ್ಟಿಲೇರಿತು. ಒಂದು ಬೆಳಗ್ಗೆ ಹೆಂಡತಿ ಒಲೆ ಹೊತ್ತಿಸಲು ಹೋದರೆ ಒಲೆಯ ತುಂಬ ಮರಳು. ಅವಳು ಅದನ್ನೇ ಬೊಗಸೆಯಲ್ಲಿ ತಂದು ಗಂಡನ ಮುಂದೆ ಸುರಿದಳು.

"ತಗೊಳ್ಳಿ, ಇದು ನಿಮ್ದೇ," ಎಂದಳು. "ಆಯಮ್ಮ ಸೀರೆ ಕೇಳಿದ್ರಾ? ಒಂಟೆ ಕೇಳಿದ್ರಾ? ನಿಮ್ಮನ್ನ ಕೇಳ್ತಾವ್ರೆ. ಹೋಗೋದಾದ್ರೆ ಉಟ್ಟ ಬಟ್ಟೇಲೇ ಹೋಗಿ. ಇಲ್ದಿದ್ರೆ ಹೋಗ್ತೀನಿ ಅನ್ನೋದನ್ನಾದ್ರೂ ನಿಲ್ಸಿ."

ಅವನು ಒಂದು ತಂಬಿಗೆ ನೀರು ಹಿಡಿದು ಮರಳಿಗಿಳಿದ. ಬಿಸಿಲು ನೆತ್ತಿಗೇರಿತು. ಆಗ ನೋಡಿ, ಎದುರಿಗೆ ಅವನ ಮನೆಯದೇ ತೂಗುಮಂಚ! ಮೇಲೆ ಚಪ್ಪರ, ಪಕ್ಕದಲ್ಲಿ ತಣ್ಣನೆಯ ಮಜ್ಜಿಗೆ. "ದಣಿದಿದ್ದೀಯ, ಕೂತ್ಕೋ. ತಂಗಿ ಎಲ್ಲಿಗೆ ಹೋಗ್ತಾಳೆ? ತಂಪು ಹೊತ್ತಲ್ಲಿ ಹೊರಟರಾಯ್ತು," ಎಂದಿತು ಮರಳು, ಥೇಟ್ ಅವನದೇ ದನಿಯಲ್ಲಿ. ಕೂತ. ನೋಡೋಣ ಎಂದುಕೊಂಡ. ದೂರದಲ್ಲಿ ಆಗಷ್ಟೇ ಚುಕ್ಕೆಯಾಗಿ ಕಂಡಿದ್ದ ತಂಗಿಯ ಊರಿನ ಬೇವಿನ ಮರ ಕಣ್ಣೆದುರೇ ಹಿಂದೆ ಸರಿದು ಮಾಯವಾಯಿತು.

ಅವನಿಗೆ ಹೆದರಿಕೆಯಾಯಿತು. ಅಳು ಬಂತು. ಆಮೇಲೆ ತನ್ನ ಮೇಲೆ ತನಗೇ ಸಿಟ್ಟು ಬಂತು, ಆ ಸಿಟ್ಟೇ ಅವನನ್ನು ಉಳಿಸಿತು. ಮಜ್ಜಿಗೆ ಮುಟ್ಟದೆ ಎದ್ದು ನಿಂತ. "ಇಲ್ಲ. ಈಗಲೇ," ಎಂದ. ಕಾಲಿಗೆ ಮುಳ್ಳು ನೆಟ್ಟಿತು. ಆಮೇಲೆ ಕಿತ್ತರಾಯಿತು ಎನ್ನಲಿಲ್ಲ, ಅಲ್ಲೇ ಕಿತ್ತ. ತಂಗಿಯ ಮುಂದೆ ಏನು ಹೇಳುವುದು ಎಂಬ ಚಿಂತೆ ಬಂತು. ಅಲ್ಲಿಗೆ ಹೋಗಿ ಯೋಚಿಸೋಣ ಎನ್ನಲಿಲ್ಲ, "ತಪ್ಪು ನಂದೇ ಕಣಮ್ಮ" ಎಂದು ಆ ಬಯಲಿಗೇ ಗಟ್ಟಿಯಾಗಿ ಹೇಳಿದ. ಹೇಳಿ ಮುಂದಿನ ಹೆಜ್ಜೆ ಇಟ್ಟ. ಆ ಹೆಜ್ಜೆಯ ಮುಂದೆ ಮರಳು ಚಾಪೆ ಸುತ್ತಿದ ಹಾಗೆ ಸುತ್ತಿಕೊಂಡಿತು! ಅವನು ನಿಲ್ಲಲಿಲ್ಲ. ಬೇವಿನ ಮರ ಮತ್ತೆ ಕಂಡರೂ ನಿಲ್ಲಲಿಲ್ಲ.

ಸಂಜೆಗೆ ತಂಗಿಯ ಬಾಗಿಲಲ್ಲಿದ್ದ. ತಪ್ಪಾಯಿತು ಎನ್ನಲು ಬಾಯಿ ತೆರೆದ, ಅವಳು ಬಿಡಲಿಲ್ಲ. "ಅಣ್ಣ, ಅವತ್ತು ಉಣ್ಣದೇ ಎದ್ದು ಹೋಗ್ಬಿಟ್ಟೆ. ಮೊದಲು ಎಲೆ ಹಾಕಿಸ್ತೀನಿ, ಉಣ್ಣು," ಎಂದಳು. ಅವನು ಅವಳ ಹಾಸಿಗೆಯ ಪಕ್ಕದಲ್ಲೇ ಕೂತು ಉಂಡ. ಕಣ್ಣೀರು ಅನ್ನಕ್ಕೇ ಬೀಳುತ್ತಿತ್ತು. ಅವನು ಅಂದು ಕೊಡವಿದ ಅದೇ ಕೈಯಿಂದ ಅವಳು ಅವನ ಬೆನ್ನು ಸವರಿದಳು. ಮಾರನೆಯ ಬೆಳಗ್ಗೆ ತೀರಿಕೊಂಡಳು.

ಹೌದು, ತೀರಿಕೊಂಡಳು. ದಾರಿಯಲ್ಲಿ ಇನ್ನೊಂದೇ ಒಂದು 'ನೋಡೋಣ' ಎಂದಿದ್ದರೆ ಆ ಊಟ ಸಿಗುತ್ತಿತ್ತೇ? ಆ ಕೈ ಸಿಗುತ್ತಿತ್ತೇ?

ಈಗ ನಿಮ್ಮ ಮಾತು. ಆ ಲೋಕ ಎಲ್ಲಿದೆ ಎಂದು ಹುಡುಕಬೇಡಿ. ನಿಮಗೂ, ನೀವು ಮಾತು ಬಿಟ್ಟ ಮನುಷ್ಯನಿಗೂ ನಡುವೆ ಬಿದ್ದಿದೆಯಲ್ಲ, ಅದೇ ಆ ಮರಳು. ಹಬ್ಬಕ್ಕೆ ಮಾತಾಡಿಸೋಣ, ಅವರೇ ಮೊದಲು ಮಾತಾಡಲಿ, ಕೈ ಸ್ವಲ್ಪ ಬಿಡುವಾಗಲಿ ಎನ್ನುತ್ತೀರಲ್ಲ, ಅದೇ ಆ ತೂಗುಮಂಚ. ಯಾರ ಮುಖ ಈಗ ನಿಮ್ಮ ಕಣ್ಣ ಮುಂದೆ ಬಂತೋ ಅವರಿಗೇ ಹೇಳುತ್ತಿದ್ದೇನೆ ಎಂದುಕೊಳ್ಳಬೇಡಿ, ನಿಮಗೇ ಹೇಳುತ್ತಿದ್ದೇನೆ. ಒಳ್ಳೆ ಪ್ರವಚನ ಎಂದು ತಲೆದೂಗಿ, ಪ್ರಸಾದ ತಗೊಂಡು, ಚಪ್ಪಲಿ ಹುಡುಕಿ, ಮನೆಗೆ ಹೋಗಿ ನೋಡೋಣ ಅಂತೀರಾ? ಬೇಡ. ಮಂಗಳಾರತಿಯನ್ನು ನಾನು ತಡೆದು ನಿಲ್ಲಿಸಿದ್ದೇನೆ. ಫೋನು ನಿಮ್ಮ ಜೇಬಿನಲ್ಲೇ ಇದೆ. ಎದ್ದು ಹೊರಗೆ ಹೋಗಿ, ಮಾತಾಡಿ ಬನ್ನಿ. ನಾವೆಲ್ಲ ಕಾಯುತ್ತೇವೆ. ಯಜಮಾನರೇ, ಕಂಬದ ಹತ್ತಿರ ಕೂತಿರುವವರೇ, ಮೊದಲು ನೀವೇ ಏಳಿ.