ಮೇಸ್ತ್ರಿಯ ಅಡ್ಜಸ್ಟ್

ಕೋಸಗಿ ಸ್ಟೇಷನ್ನಿನಲ್ಲಿ ನನ್ನ ಪಕ್ಕದಲ್ಲೇ, ಗುಂಟೂರಿನ ಕಡೆ ಮೆಣಸಿನಕಾಯಿ ಬಿಡಿಸಲು ಹೊರಟ ಹೆಂಗಸರ ಗುಂಪು ಕೂತಿತ್ತು. ಗಾದಿಲಿಂಗಮ್ಮ ಎಂಬಾಕೆ, ಅವರನ್ನು ಕೂಲಿಗೆ ಕರೆದೊಯ್ಯುತ್ತಿದ್ದ ಮೇಸ್ತ್ರಿ ಓಬಳೇಶನನ್ನು ತಡೆದಳು.

"ಈ ಸಲನರ ಅಲ್ಲಿ ಬಾತ್ರೂಮ್ ಐತೇನೋ?"

"ಇಲ್ಲಕ್ಕ. ಸ್ವಲ್ಪ ಅಡ್ಜಸ್ಟ್ ಮಾಡ್ಕೋರಿ."

"ಹೋದ ವರ್ಷ ಒಂದ ಶೆಡ್ಡಿನಾಗ ಇಪ್ಪತ್ತು ಮಂದೀನ ಮಲಗಿಸಿ, ಅಡ್ಜಸ್ಟ್ ಆಗ್ರಿ ಅಂದಿ. ನಮ್ ಜೋಡಿ ಇದ್ದ ಭಾಗ್ಯಾಗ ಜ್ವರ ಬಂದು ನಡುಗಾಕತ್ತಿದ್ರೆ, ಮುಂಜಾನಿ ತನಕ ಅಡ್ಜಸ್ಟ್ ಮಾಡ್ಕೋ ಅಂದಿ."

"ನಾನೇನ್ ಮಾಡ್ಲಕ್ಕ? ಹೊಲದ ರೆಡ್ಡಿ ಹಂಗ ಅಂತಾನ."

"ನಿನ್ ಹೆಂಡ್ತೀನ ಯಾಕ ಕರ್ಕೊಂಬಂದಿಲ್ಲ?"

"ಆಕಿಗೆ ಅಲ್ಲಿ ಆಗಲ್ಲಕ್ಕ."

ಗಾದಿಲಿಂಗಮ್ಮ ತನ್ನ ಗಂಟು ಎತ್ತಿ ತಲೆ ಮೇಲಿಟ್ಟುಕೊಂಡಳು. ಉಳಿದವರೂ ಎದ್ದರು.

"ರೈಲು ಬರಾಕತ್ತೈತಿ, ಎಲ್ಲಿಗಕ್ಕ? ರೆಡ್ಡಿಗೆ ಏನಂತ ಹೇಳ್ಲಿ?"

"ಹೆಣ್ಮಕ್ಕಳು ಬರಲಿಲ್ಲ ಅಂತ ಹೇಳು. ಅಡ್ಜಸ್ಟ್ ಮಾಡ್ಕೋತಾನ."

ಎಲ್ಲರೂ ಊರಿನ ದಾರಿ ಹಿಡಿದರು.