ಕೊನೆಗೆ ಉಣ್ಣುವವರು ಯಾರು?

ಒಂದು ಊರು. ಊರು ಅಂದಮೇಲೆ ಶಾಲೆ, ಶಾಲೆ ಅಂದಮೇಲೆ ಮಾಸ್ತರರು. ಆ ಊರಿನ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುವ ಮಾಸ್ತರರೊಬ್ಬರು ಇದ್ದರು. ಹೆಸರು ಬೇಡ. ಹೆಸರು ಹೇಳಿದರೆ ನೀವು ಕಥೆ ಬಿಟ್ಟು, ಅವರು ಯಾವ ಊರಿನವರು, ಯಾರ ಪೈಕಿ ಅಂತ ಹುಡುಕಲು ಹೊರಡುತ್ತೀರಿ. ಆ ಚಟ ನಮಗಿದೆಯೋ ಇಲ್ಲವೋ? ಇದೆ. ಅದಕ್ಕೇ ಬರೀ ಮಾಸ್ತರರು ಅನ್ನೋಣ.

ಮಾಸ್ತರರು ಒಳ್ಳೆಯವರು. ನೋಡಿ, ಇದನ್ನು ಮೊದಲೇ ಹೇಳಿಬಿಡುತ್ತೇನೆ. ಕೆಟ್ಟವರ ಕಥೆಯಾದರೆ ನಾವು ಆರಾಮಾಗಿ ಕೇಳುತ್ತೇವೆ, ಅದು ನಮ್ಮ ಕಥೆಯಲ್ಲವಲ್ಲ! ಇವರು ಒಂದು ದಿನ ತಡವಾಗಿ ಶಾಲೆಗೆ ಬಂದವರಲ್ಲ, ಒಂದು ಮಗುವಿನ ಮೇಲೆ ಕೈ ಎತ್ತಿದವರಲ್ಲ. ಇಪ್ಪತ್ತೆರಡು ವರ್ಷ ಪಾಠ ಹೇಳಿದ್ದರು. ಅವರ ನೋಟ್ಸ್ ಅಂದರೆ ತಾಲೂಕಿಗೇ ಹೆಸರು. ‘ಲಿಂಗ ತಾರತಮ್ಯದ ಲಕ್ಷಣಗಳನ್ನು ತಿಳಿಸಿ’ ಎಂದು ಪ್ರಶ್ನೆ ಬಂದರೆ ಐದು ಅಂಶ. ‘ಅಸ್ಪೃಶ್ಯತೆಯ ಪರಿಣಾಮಗಳೇನು’ ಎಂದರೆ ಆರು ಅಂಶ. ಮಕ್ಕಳು ಕಣ್ಣು ಮುಚ್ಚಿಕೊಂಡು ಗಡಗಡ ಹೇಳುತ್ತಿದ್ದರು. ಕಣ್ಣು ಮುಚ್ಚಿಕೊಂಡು! ಈ ಮಾತನ್ನು ಸ್ವಲ್ಪ ಗಮನಿಸಿ.

ಒಂಬತ್ತನೇ ತರಗತಿಯಲ್ಲಿ ದುರುಗಮ್ಮ ಅಂತ ಒಬ್ಬ ಹುಡುಗಿ. ಮೂರನೇ ಬೆಂಚು, ಗೋಡೆ ಕಡೆ. ಹೆಚ್ಚು ಮಾತಾಡುವವಳಲ್ಲ. ಒಂದು ದಿನ ಮಾಸ್ತರರು ಐದು ಅಂಶ ಬರೆಸಿ, ಬೋರ್ಡು ಒರೆಸುತ್ತಿದ್ದಾಗ ಎದ್ದು ನಿಂತಳು.

“ಸರ್, ಒಂದು ಕೇಳ್ಲೇನ್ರಿ?”

“ಕೇಳಮ್ಮ.”

“ನಿನ್ನೆ ವಿಜ್ಞಾನದ ಮೇಡಂ ಉಳ್ಳಾಗಡ್ಡಿ ಸಿಪ್ಪಿ ತಂದು, ಸೂಕ್ಷ್ಮದರ್ಶಕದಾಗ ಜೀವಕೋಶ ತೋರಿಸಿದ್ರು. ಪುಸ್ತಕದಾಗ ಓದಿದ್ದು ಬ್ಯಾರೆ, ನೋಡಿದ್ದು ಬ್ಯಾರೆ ಅನ್ನಿಸ್ತು. ಈ ಸಾಮಾಜಿಕ ಸಮಸ್ಯೆ ಅಂತ ಬರಸ್ತೀರಲ್ಲ... ಅದು ನೋಡಾಕ ಹೆಂಗಿರತೈತ್ರಿ ಸರ್?”

ಮಕ್ಕಳು ನಕ್ಕರು. ಮಾಸ್ತರರೂ ನಕ್ಕರು. “ಅದೇನು ಉಳ್ಳಾಗಡ್ಡಿ ಏನವ್ವ, ಸುಲಿದು ತೋರಿಸಾಕ? ಕೂಡು.” ಹುಡುಗಿ ಕೂತಳು. ಗಂಟೆ ಹೊಡೆಯಿತು.

ಆದರೆ ಪ್ರಶ್ನೆ ಕೂರಲಿಲ್ಲ. ಸೈಕಲ್ ಹತ್ತಿ ಮನೆಗೆ ಹೊರಟ ಮಾಸ್ತರರ ಜೊತೆ ಅದೂ ಹೊರಟಿತು. ಅದು ನೋಡಲು ಹೇಗಿರುತ್ತದೆ? ಎಲ್ಲಿರುತ್ತದೆ? ಇಪ್ಪತ್ತೆರಡು ವರ್ಷ ಬರೆಸಿದ್ದೇನಲ್ಲ, ನಾನು ನೋಡಿದ್ದೇನೆಯೇ? ನೋಡಿದ್ದರೆ ಎಲ್ಲಿ? ಅವರಿಗೆ ತಮ್ಮ ಮೇಲೆ ಸಿಟ್ಟು ಬರಲಿಲ್ಲ, ಕುತೂಹಲ ಹುಟ್ಟಿತು. ಸಿಟ್ಟು ಮನುಷ್ಯನನ್ನು ಕುರುಡು ಮಾಡುತ್ತದೆ, ಕುತೂಹಲ ಕಣ್ಣು ಕೊಡುತ್ತದೆ.

ಮರುದಿನ ತರಗತಿಗೆ ಬಂದು ನೋಟ್ಸ್ ತೆಗೆದರು. ಐದು ಅಂಶಗಳಲ್ಲಿ ಮೂರನೆಯದು, ‘ಆಹಾರ ಹಂಚಿಕೆಯಲ್ಲಿ ತಾರತಮ್ಯ.’

“ಇದನ್ನ ನೋಡೋಣು,” ಅಂದರು. “ಏಳು ದಿನ. ನಿಮ್ಮ ನಿಮ್ಮ ಮನ್ಯಾಗ ಕೊನೆಗೆ ಉಣ್ಣೋರು ಯಾರು? ಅವರು ಉಣ್ಣಾಕ ಕೂಡೋ ಹೊತ್ತಿಗೆ ಪಾತ್ರ್ಯಾಗ ಏನು ಉಳಿದಿರತೈತಿ? ಯಾರನ್ನೂ ಕೇಳಬ್ಯಾಡ್ರಿ. ಯಾರ ಜೊತಿನೂ ಜಗಳಾಡಬ್ಯಾಡ್ರಿ. ಬರೇ ನೋಡ್ರಿ, ಬರೀರಿ.”

ಮಕ್ಕಳಿಗೆ ಖುಷಿಯೋ ಖುಷಿ. ಪತ್ತೇದಾರರ ಹಾಗೆ ಹೊರಟರು.

ಮುಂದಿನ ವಾರ ನಲವತ್ತೊಂದು ಮಕ್ಕಳು ನಲವತ್ತೊಂದು ವಹಿ ತಂದರು. ಒಬ್ಬೊಬ್ಬರೇ ಎದ್ದು ಓದಿದರು. ಅವ್ವ. ಅವ್ವ. ಆಯಿ. ಕಾಕಿ. ಅವ್ವ. ಒಂದು ಮನೆಯಲ್ಲಿ ಅಕ್ಕ, ಯಾಕೆಂದರೆ ಅಲ್ಲಿ ಅವ್ವ ಇರಲಿಲ್ಲ. ಮೊದಮೊದಲು ನಗು. ಹತ್ತು, ಹದಿನೈದು ವಹಿ ಆಗುವ ಹೊತ್ತಿಗೆ ನಗು ಕಡಿಮೆಯಾಯಿತು.

ಬಸು ಅಂತ ಒಬ್ಬ ತುಂಟ ಎದ್ದ. “ಸರ್, ನಮ್ಮವ್ವಗ ಬಿಸಿ ರೊಟ್ಟಿ ಸೇರೂದಿಲ್ಲಂತ. ತಂಗಳ ರೊಟ್ಟಿನ ರುಚಿ ಅಂತಾಳ. ನನಗ ಸಂಶಯ ಬಂತು. ಸೋಮಾರ ನಮ್ಮ ಮಾಮಾ ಬಂದಿದ್ದ, ಅವಗ ಕೇಳೇಬಿಟ್ಟೆ. ಅವ ನಕ್ಕಬಿಟ್ಟ. ‘ನಿಮ್ಮವ್ವ ಸಣ್ಣಾಕಿ ಇದ್ದಾಗ ಒಲಿ ಮುಂದಿಂದ ಏಳ್ತಿದ್ದಿಲ್ಲ. ಉಬ್ಬಿದ ರೊಟ್ಟಿ ಹಂಚಿನ ಮ್ಯಾಲಿಂದನ ಕಸ್ಕೊಂಡು ತಿಂತಿದ್ಲು, ಬೆರಳು ಸುಟ್ಟಕೋತಿದ್ಲು’ ಅಂದ.” ಬಸು ವಹಿ ಮುಚ್ಚಿದ. “ಸರ್, ಹಂಗಾದ್ರ ಅಕಿಗೆ ಬಿಸಿ ರೊಟ್ಟಿ ಯಾವಾಗಿಂದ ಸೇರದಂಗ ಆತ್ರಿ?”

ಹೇಳಿ, ಈ ಪ್ರಶ್ನೆಗೆ ಎಷ್ಟು ಅಂಶಗಳಲ್ಲಿ ಉತ್ತರ ಬರೆಸುತ್ತೀರಿ?

ಆಮೇಲೆ ವೈಭವಿ ಎದ್ದಳು. ಊರ ಸಾಹುಕಾರರ ಮೊಮ್ಮಗಳು. ಸಾಹುಕಾರರು ಅಂದರೆ ಶಾಲೆಯ ಅಭಿವೃದ್ಧಿ ಸಮಿತಿಯ ಅಧ್ಯಕ್ಷರು, ಶಾಲೆಯ ಗೇಟಿನ ಮೇಲೆ ಹೆಸರು ಕೆತ್ತಿಸಿಕೊಂಡವರು. ಹುಡುಗಿ ವಹಿ ನೋಡದೆ ಹೇಳಿದಳು.

“ಸರ್, ನಮ್ಮಲ್ಲಿ ಕೊನೆಗೆ ಉಣ್ಣೋರು ಮನಿ ಒಳಗ ಉಣ್ಣೂದಿಲ್ಲ.”

“ಅಂದ್ರ?”

“ಎಲ್ಲಾರೂ ಉಂಡಮ್ಯಾಲೆ ಆಯಿ ಉಣ್ತಾಳ. ಆಯಿ ಉಂಡಮ್ಯಾಲೆ, ಭಾಂಡೆ ತಿಕ್ಕಾಕ ಬರ್ತಾರಲ್ಲ, ಅವರು ಉಣ್ತಾರ. ಹಿತ್ತಲದಾಗ. ಅವರ ತಾಟು ಕಂಪೌಂಡ್ ಗೋಡಿ ಗೂಡಿನ್ಯಾಗ ಇರತೈತಿ. ಆ ತಾಟು ನಾ ಸಣ್ಣಾಕಿ ಇದ್ದಾಗಿಂದ ನೋಡೀನಿ ಸರ್. ಇಷ್ಟ ದಿನ ಅದು ನಾಯಿದು ಅಂತ ತಿಳಕೊಂಡಿದ್ದೆ.”

ತರಗತಿಯೆಲ್ಲ ಗೋಡೆಯ ಕಡೆ ತಿರುಗಿತು. ಯಾಕೆ ಗೊತ್ತೇ? ಆ ಮನೆಯಲ್ಲಿ ಪಾತ್ರೆ ತೊಳೆಯುವವಳ ಮಗಳು ಅಲ್ಲೇ ಇದ್ದಳು. ಮೂರನೇ ಬೆಂಚು, ಗೋಡೆ ಕಡೆ.

ಮಾಸ್ತರರಿಗೆ ಆಗ ಹೊಳೆಯಿತು. ನಾನೇನು ಮಾಡಿಬಿಟ್ಟೆ? ಮಗುವಿನ ಮಾನವನ್ನು ನಲವತ್ತು ಜನರ ಮುಂದೆ ಹರಾಜು ಹಾಕಿದೆನಲ್ಲ! ಪಾಠ ನಿಲ್ಲಿಸಿ ವಹಿಗಳನ್ನೆಲ್ಲ ತೆಗೆದುಕೊಂಡುಬಿಡೋಣ ಅಂದುಕೊಂಡರು. ಅಷ್ಟರಲ್ಲಿ ದುರುಗಮ್ಮ ತಾನಾಗಿಯೇ ಎದ್ದಳು. ಮುಖ ಕೆಂಪಾಗಿತ್ತು, ಕೈ ಬೆಂಚಿನ ಅಂಚನ್ನು ಹಿಡಿದಿತ್ತು. ಅಳಲಿಲ್ಲ.

“ಆಕಿ ನಮ್ಮವ್ವ,” ಅಂದಳು. “ಅಲ್ಲಿ ಅರ್ಧ ಉಂಡು, ಅರ್ಧ ನನಗ ತರ್ತಾಳ. ನನ್ನ ವಹಿಯೊಳಗೂ ಅದನ್ನ ಬರದೀನಿ ಸರ್. ಆದ್ರ ನನಗೊಂದು ತಿಳೀವಲ್ದು. ಇದು ಲಿಂಗ ತಾರತಮ್ಯದ ಮೂರನೇ ಅಂಶಕ್ಕ ಬರತೈತೋ, ಅಸ್ಪೃಶ್ಯತಾ ಪಾಠಕ್ಕ ಬರತೈತೋ? ಪುಸ್ತಕದಾಗ ಎರಡೂ ಬ್ಯಾರೆ ಬ್ಯಾರೆ ಅದಾವು. ನಮ್ಮವ್ವ ಒಬ್ಬಾಕಿನ ಅದಾಳ.”

ನೋಡಿ, ಎಂಥ ಮಾತು! ಪುಸ್ತಕದಲ್ಲಿ ಎರಡು, ಅವ್ವ ಒಬ್ಬಳೇ. ದೊಡ್ಡ ದೊಡ್ಡ ಸಭೆಗಳಲ್ಲಿ ಕೂತಿದ್ದೇನೆ, ಇಂಥ ಮಾತು ಕೇಳಿಲ್ಲ.

“ಎರಡಕ್ಕೂ ಬರತೈತವ್ವ,” ಅಂದರು ಮಾಸ್ತರರು. ವೈಭವಿ ಏನು ಮಾಡಿದಳು ಗೊತ್ತೇ? ತನ್ನ ಜಾಗ ಬಿಟ್ಟು ಬಂದು ಮೂರನೇ ಬೆಂಚಿನಲ್ಲಿ ಕೂತಳು. ದುರುಗಮ್ಮ ಅವಳ ಕಡೆ ತಿರುಗಿ ನೋಡಲಿಲ್ಲ, ಆದರೆ ಸ್ವಲ್ಪ ಸರಿದು ಜಾಗ ಕೊಟ್ಟಳು.

ಇಷ್ಟಕ್ಕೇ ಮುಗಿದಿದ್ದರೆ ಮಾಸ್ತರರು ಬಚಾವಾಗುತ್ತಿದ್ದರು. ಬಸು ಬಿಡಬೇಕಲ್ಲ?

“ಸರ್, ನಿಮ್ಮ ಮನ್ಯಾಗ?”

ಮಾಸ್ತರರು ನೆನಪು ಮಾಡಿಕೊಳ್ಳಲು ನೋಡಿದರು. ತಮ್ಮ ಹೆಂಡತಿ ನೀಲಗಂಗಾ ಯಾವ ಹೊತ್ತಿಗೆ ಉಣ್ಣುತ್ತಾಳೆ? ಎಲ್ಲಿ ಕೂತು? ಏನನ್ನು? ಮದುವೆಯಾಗಿ ಹತ್ತೊಂಬತ್ತು ವರ್ಷ. ಅವಳು ಉಣ್ಣುವುದನ್ನು ಕಂಡ ಒಂದು ಚಿತ್ರ, ಒಂದೇ ಒಂದು ಚಿತ್ರ ಮನಸ್ಸಿನಲ್ಲಿ ಹುಡುಕಿದರು. ಸಿಗಲಿಲ್ಲ.

“ನನಗ ಗೊತ್ತಿಲ್ಲಪ್ಪ,” ಅಂದರು.

ಇಪ್ಪತ್ತೆರಡು ವರ್ಷದಲ್ಲಿ ಆ ತರಗತಿಯಲ್ಲಿ ಮಾಸ್ತರರು ಗೊತ್ತಿಲ್ಲ ಅಂದದ್ದು ಅದೇ ಮೊದಲು.

ಮಧ್ಯಾಹ್ನ ಊಟಕ್ಕೆ ಮನೆಗೆ ಹೋದರು. ಉಂಡರು. ಕೈ ತೊಳೆದು ಪಡಸಾಲೆಗೆ ಹೋಗಬೇಕಾದವರು ಅಡುಗೆಮನೆಗೆ ಬಂದು ನೆಲದ ಮೇಲೆ ಕೂತರು. ನೀಲಗಂಗಮ್ಮನಿಗೆ ಗಾಬರಿ.

“ಯಾಕ್ರೀ? ಉಪ್ಪು ಕಡಿಮಿ ಆಗಿತ್ತೇನು?”

“ಇಲ್ಲ. ನೀ ಉಣ್ಣು. ನೋಡ್ತೀನಿ.”

“ಅಯ್ಯ ಶಿವನ! ನಾ ಉಣ್ಣೂದರಾಗ ನೋಡೂದೇನೈತ್ರಿ? ನಡೀರಿ ಹೊರಗ.”

ಮಾಸ್ತರರು ಏಳಲಿಲ್ಲ. ಪಲ್ಯದ ಪಾತ್ರೆಯ ಮುಚ್ಚಳ ತೆಗೆದರು. ತಳದಲ್ಲಿ ಒಂದಿಷ್ಟು ಎಣ್ಣೆ, ಎರಡು ಬದನೆ ತೊಟ್ಟು. ತಾವು ಅಂದು ಎರಡು ಸಲ ಪಲ್ಯ ಹಾಕಿಸಿಕೊಂಡಿದ್ದರು. ಎರಡನೇ ಸಲ ಕೇಳುವಾಗ ಪಾತ್ರೆಯೊಳಗೆ ಇಣುಕಬೇಕೆಂದು ಅವರಿಗೆ ಹೊಳೆದಿರಲಿಲ್ಲ.

“ಇದರಾಗ ಹೆಂಗ ಉಣ್ತಿ?”

“ಉಪ್ಪಿನಕಾಯಿ ಐತಿ. ಸಾಕಾಗತೈತಿ ಬಿಡ್ರಿ.”

“ದಿನಾ ಹಿಂಗೇನು?”

ಅವಳು ಮುಚ್ಚಳ ಕಸಿದುಕೊಂಡು ಪಾತ್ರೆ ಮುಚ್ಚಿದಳು. ಡಾಕ್ಟರು ಹೋದ ತಿಂಗಳು ‘ಇವರಿಗೆ ರಕ್ತ ಕಡಿಮೆ ಇದೆ, ಚೆನ್ನಾಗಿ ಊಟ ಮಾಡಿಸಿ’ ಎಂದಿದ್ದರು. ಮಾಸ್ತರರು ಮಾತ್ರೆ ತಂದುಕೊಟ್ಟು ಕರ್ತವ್ಯ ಮುಗಿಯಿತು ಅಂದುಕೊಂಡಿದ್ದರು.

“ನೀಲಾ, ನಿನಗ ಏನು ಸೇರತೈತಿ? ಯಾವ ಪಲ್ಯ? ಯಾವ ಸಿಹಿ?”

ನೀಲಗಂಗಮ್ಮ ನಕ್ಕಳು. ಆಮೇಲೆ ಯೋಚನೆಗೆ ಬಿದ್ದಳು. ಒಲೆಯ ಕಡೆ ನೋಡಿದಳು, ಡಬ್ಬಿಗಳ ಕಡೆ ನೋಡಿದಳು. ಮಗನಿಗೆ ಏನು ಇಷ್ಟ, ಅತ್ತೆಗೆ ಏನು ಇಷ್ಟವಿತ್ತು, ಗಂಡನಿಗೆ ಎಷ್ಟು ಖಾರ, ಎಲ್ಲ ಬೆರಳ ತುದಿಯಲ್ಲಿತ್ತು.

“ನನಗಾ?” ಅಂದಳು ಕೊನೆಗೆ. “ನೆನಪಾಗವಲ್ದುರಿ.”

ಬಂಧುಗಳೇ, ಒಬ್ಬ ಮನುಷ್ಯ ಜೀವಕ್ಕೆ ತನಗೆ ಏನು ಇಷ್ಟ ಎಂಬುದೇ ನೆನಪಾಗದ ಹಾಗೆ ಮಾಡುವುದಕ್ಕೆ ಎಷ್ಟು ಜನ ಕ್ರೂರಿಗಳು ಬೇಕು? ಒಬ್ಬರೂ ಬೇಡ. ಒಬ್ಬ ಒಳ್ಳೆಯ ಗಂಡ ಸಾಕು, ಅವನು ಮುಚ್ಚಳ ತೆಗೆದು ನೋಡದಿದ್ದರೆ ಸಾಕು.

ಮಕ್ಕಳ ವಹಿಯ ಸುದ್ದಿ ಊರೆಲ್ಲ ಹಬ್ಬಿತು. ಹಬ್ಬದೆ ಇರುತ್ತದೆಯೇ? ಮೂರೇ ದಿನದಲ್ಲಿ ಸಾಹುಕಾರರು ಸಮಿತಿಯ ಸಭೆ ಕರೆದರು. ಹೆಡ್‌ಮಾಸ್ತರರು ಬೆವರು ಒರೆಸಿಕೊಳ್ಳುತ್ತ ಕೂತಿದ್ದರು.

“ಸರ್ಕಾರ ನಿಮಗ ಪಾಠ ಹೇಳಾಕ ಕಳಿಸೇತಿ,” ಅಂದರು ಸಾಹುಕಾರರು, “ನಮ್ಮ ಅಡಗಿಮನಿ ಇಣಿಕಿ ನೋಡಾಕಲ್ಲ.”

ಮಾಸ್ತರರು ಚೀಲಕ್ಕೆ ಕೈ ಹಾಕಿದರು. ಪಠ್ಯಪುಸ್ತಕ ತೆರೆದು ಮೇಜಿನ ಮೇಲೆ ಇಟ್ಟರು. “ಇದ ಪಾಠರಿ, ಸಾಹುಕಾರ್ರ. ಇಪ್ಪತ್ತೆರಡು ವರ್ಷ ಹೇಳೀನಿ. ನಿಮ್ಮ ಸಣ್ಣ ಮಗಗೂ ನಾನ ಹೇಳೀನಿ. ಆವಾಗ ಯಾರೂ ತಪ್ಪು ಅನ್ನಲಿಲ್ಲ. ಬಾಯಿಪಾಠ ಮಾಡೋತನಕ ಇದು ಪಾಠ, ಕಣ್ಣು ತೆರೆದು ನೋಡಿದ ಕೂಡ್ಲೆ ಅಪರಾಧ ಆತೇನ್ರಿ?”

ಸಾಹುಕಾರರು ಎದ್ದು ನಿಂತರು. “ವರ್ಗಾ ಮಾಡಸ್ತೀನಿ ನಿಮ್ಮನ್ನ. ನಿಮ್ಮ ಪಾಠ ನನ್ನ ಮನಿ ಒಡೀತು!”

ಆಗ ಬಾಗಿಲ ಹತ್ತಿರದಿಂದ ಒಂದು ದನಿ. ಸಾಹುಕಾರರ ಹೆಂಡತಿ, ವೈಭವಿ ಆಯಿ ಅನ್ನುವ ಅವಳ ಅಜ್ಜಿ. ಶಾಲೆಯ ಒಳಗೆ ಅವರು ಕಾಲಿಟ್ಟದ್ದೇ ಅದು ಮೊದಲ ಸಲ. ಸೆರಗು ಸರಿಮಾಡಿಕೊಂಡು ಹೇಳಿದರು, “ಹುಡುಗಿ ಯಾರ ಜೊತಿನೂ ಜಗಳಾಡಲಿಲ್ಲ. ಏಳು ದಿನ ಅಡಗಿಮನಿ ಹೊಸ್ತಿಲದಾಗ ಕುಂತು ನಾ ಉಣ್ಣೂದು ನೋಡಿದ್ಲು. ಐವತ್ತು ವರ್ಷದಾಗ ನನ್ನ ಕಡೆ ಯಾರೂ ಅಷ್ಟು ಹೊತ್ತು ನೋಡಿದ್ದಿಲ್ಲ. ಮನಿ ಏನೂ ಒಡದಿಲ್ರಿ.” ಇಷ್ಟು ಹೇಳಿ ಹೊರಟುಹೋದರು. ಸಭೆಯೂ ಮುಗಿಯಿತು.

ಆಮೇಲೆ ಎಲ್ಲರೂ ಬದಲಾದರು, ಸುಖವಾಗಿದ್ದರು ಅಂತ ಹೇಳಿದರೆ ನಿಮಗೆ ಹಿತವಾಗುತ್ತದೆ. ಆದರೆ ಸುಳ್ಳಾಗುತ್ತದೆ. ಜೂನ್ ತಿಂಗಳಲ್ಲಿ ಮಾಸ್ತರರಿಗೆ ವರ್ಗಾವಣೆಯ ಕಾಗದ ಬಂತು, ಅರವತ್ತು ಕಿಲೋಮೀಟರ್ ದೂರದ ಶಾಲೆಗೆ. ಅವರು ಹೋದರು. ಅಲ್ಲಿಯೂ ಅದೇ ಪ್ರಶ್ನೆ ಕೊಟ್ಟರು. ಸಾಹುಕಾರರು ಒಂದು ತಿಂಗಳು ಹೆಂಡತಿಯ ಜೊತೆ ಮಾತು ಬಿಟ್ಟರು. ಆಯಿ ಮಾತ್ರ ಗೂಡಿನಲ್ಲಿದ್ದ ಆ ತಾಟನ್ನು ತೆಗೆದುಬಿಟ್ಟರು. ಮರುದಿನ ದುರುಗಮ್ಮನ ತಾಯಿ ಬಂದು ನೋಡುತ್ತಾಳೆ, ತಾಟಿಲ್ಲ. ಆಕೆ ಏನು ಅಂದುಕೊಂಡಳು ಗೊತ್ತೇ? ಸಂತೋಷಪಟ್ಟಳೇ? ಇಲ್ಲ. ಕೆಲಸ ಹೋಯಿತು ಅಂತ ಗೋಡೆಗೆ ಒರಗಿ ಅತ್ತಳು. ಆಯಿ ಒಳಗೆ ಬಾ ಅಂದರೆ ಮೂರು ದಿನ ಬರಲಿಲ್ಲ. ಹೆದರಿಕೆ. ನಾಲ್ಕನೇ ದಿನ ಆಯಿ ಎರಡು ತಾಟು ಹಚ್ಚಿ, “ನೀ ಬರೋತನಕ ನಾನೂ ಉಣ್ಣೂದಿಲ್ಲ” ಅಂತ ಕೂತರು. ಆಗ ಬಂದಳು. ಇಬ್ಬರೂ ಎದುರುಬದುರು ಕೂತು ಉಂಡರು. ಮೊದಲ ದಿನ ಇಬ್ಬರೂ ತಾಟು ಬಿಟ್ಟು ತಲೆ ಎತ್ತಲಿಲ್ಲವಂತೆ, ನಾಚಿಕೆಗೆ.

ಕಥೆ ಇಷ್ಟೇ.

ಈಗ ನಿಮ್ಮ ಕಡೆ ತಿರುಗುತ್ತೇನೆ. ನನ್ನ ಕಡೆಯೂ. ಮಾಸ್ತರರು ದೊಡ್ಡವರು, ಸಾಹುಕಾರರು ತಪ್ಪು ಮಾಡಿದರು ಅಂತ ತಲೆದೂಗಿದಿರಿ. ಸರಿ. ಇಂದು ಈ ಮಠದಲ್ಲಿ ಆರುನೂರು ಜನ ಕೂತಿದ್ದೀರಿ. ಈ ಗೋಡೆಯ ಹಿಂದೆ, ದಾಸೋಹದ ಮನೆಯಲ್ಲಿ, ಬೆಳಗಿನ ಐದು ಗಂಟೆಯಿಂದ ಹದಿನೆಂಟು ಜನ ತಾಯಂದಿರು ರೊಟ್ಟಿ ಬಡಿಯುತ್ತಿದ್ದಾರೆ. ಅವರ ಕಿವಿಗೆ ಈ ಪ್ರವಚನ ಬಿತ್ತೇ? ಅವರು ಯಾವಾಗ ಉಣ್ಣುತ್ತಾರೆ, ಯಾರಾದರೂ ಬಲ್ಲಿರಾ? ನಾಲ್ಕು ಪಂಕ್ತಿ ಎದ್ದ ಮೇಲೆ. ಅವರಿಗಿಂತ ಕೊನೆಗೆ, ಎಂಜಲೆಲೆ ಎತ್ತುವ ಮೂವರು. ಹನ್ನೊಂದು ವರ್ಷದಿಂದ ನಾನು ಈ ಪೀಠದ ಮೇಲೆ ಕೂತು ಸಮಾನತೆ ಹೇಳುತ್ತೇನೆ. ಹನ್ನೊಂದು ವರ್ಷದಿಂದ ನನ್ನ ತಾಟು ಎಲ್ಲರಿಗಿಂತ ಮೊದಲು ಬರುತ್ತದೆ. ನಾನೂ ಹೋದ ಸೋಮವಾರದವರೆಗೆ ಒಳಗೆ ಹೋಗಿ ನೋಡಿರಲಿಲ್ಲ.

ಹಾಗಾದರೆ ಏನು ಮಾಡಬೇಕು? ಮನೆಗೆ ಹೋಗಿ ಭಾಷಣ ಮಾಡಬೇಡಿ. ಏಳು ದಿನ ಸುಮ್ಮನೆ ನೋಡಿ. ಎರಡನೇ ಸಲ ಬಡಿಸಿಕೊಳ್ಳುವ ಮುಂಚೆ ಪಾತ್ರೆಯೊಳಗೆ ಇಣುಕಿ. ಮನೆಗೆ ದುಡಿಯಲು ಬರುವವರ ತಾಟು ನಿಮ್ಮ ತಾಟಿನ ಜೊತೆಯಲ್ಲೇ ಇರಲಿ, ಬೇರೆ ಗೂಡು ಬೇಡ. ಮಗು ಏನಾದರೂ ಕೇಳಿದರೆ ‘ಸುಮ್ಮನೆ ಓದಿಕೋ’ ಅನ್ನಬೇಡಿ. ಆ ಮಗು ಓದುತ್ತಲೇ ಇದೆ, ನಿಮ್ಮನ್ನು ಓದುತ್ತಿದೆ. ಇಲ್ಲಿ ಕೂತಿರುವ ಶಿಕ್ಷಕರೇ, ಅಂಶ ಬರೆಸಿ, ಬೇಡ ಅನ್ನುವುದಿಲ್ಲ. ಆದರೆ ಬರೆಸಿದ್ದರಲ್ಲಿ ಒಂದನ್ನಾದರೂ ಮಕ್ಕಳಿಗೆ ತೋರಿಸಿ. ತೋರಿಸುವ ಮುಂಚೆ ನೀವು ನೋಡಿ ಬನ್ನಿ. ಯಾವ ಮಗುವಿಗೆ ನೋವಾಗಬಹುದು ಎಂಬುದನ್ನೂ ನೋಡಿಕೊಳ್ಳಿ.

ಮನೆಯ ಮಾತು ಸಂಜೆ ಮನೆಗೆ ಹೋದಮೇಲೆ. ಈಗಿನ ಮಾತು ಈಗ. ಮುಂದೆ ಕೂತಿರುವ ಹಿರಿಯರು ಟವೆಲ್ಲು ಸೊಂಟಕ್ಕೆ ಕಟ್ಟಿಕೊಳ್ಳಿ. ಒಳಗಿರುವ ಹದಿನೆಂಟು ತಾಯಂದಿರು, ಎಲೆ ಎತ್ತುವ ಆ ಮೂವರು, ಇವರದು ಇಂದು ಮೊದಲ ಪಂಕ್ತಿ. ಬರುವುದಿಲ್ಲ ಅನ್ನುತ್ತಾರೆ, ನಾಚಿಕೊಳ್ಳುತ್ತಾರೆ, ಹೆದರುತ್ತಾರೆ. ಅವರು ಬಂದು ಕೂರುವವರೆಗೆ ನಮ್ಮಲ್ಲಿ ಯಾರಿಗೂ ಪ್ರಸಾದ ಇಲ್ಲ. ರೊಟ್ಟಿ ನೀವು ಬಡಿಸಿ, ಬಿಸಿಯಾಗಿರುವಾಗಲೇ ಬಡಿಸಿ. ನೀರು ನಾನು ಕೊಡುತ್ತೇನೆ.

ಏಳಿ.